ಅರ್ಜಿ ಹಾಕಿದ ಮೇಲೆ ಅರ್ಹತೆ ಬದಲಿಸಬಹುದೇ?

ಹಾಸನ, ಹೊಳೆನರಸೀಪುರ, ಅರಕಲಗೂಡು, ಚನ್ನರಾಯಪಟ್ಟಣ ಕಡೆ ಬಹಳಷ್ಟು ರೈತರ ಮನೆಗಳಲ್ಲಿ ಸರಕಾರಿ ಕೆಲಸಕ್ಕೆಂದು ಓದುವ ಮಕ್ಕಳಿದ್ದಾರೆ. ಆಲೂಗೆಡ್ಡೆಯೋ ತೆಂಗೋ ತಂಬಾಕೋ ಕೊಟ್ಟ ದುಡ್ಡಿನಲ್ಲಿ ಒಂದು ಪಾಲು ಕೋಚಿಂಗಿಗೆ, ರೂಮಿನ ಬಾಡಿಗೆಗೆ ಹೋಗುತ್ತದೆ. ಎರಡು ಮೂರು ವರ್ಷ ಕಾದ ಮೇಲೆ 'ಈ ಓದು ಈಗ ಸಾಲದು' ಎಂದರೆ ದುಡ್ಡಷ್ಟೇ ಅಲ್ಲ, ವಯಸ್ಸೂ ಹೋಯಿತು. ಇದಕ್ಕೆ ಕಾನೂನು ಏನನ್ನುತ್ತದೆ? ಅಪ್ಪ ಅಮ್ಮಂದಿರೂ ತಿಳಿದಿರಬೇಕಾದ ವಿಷಯ.

ನಮ್ಮ ರಾಜ್ಯದ್ದೇ ಪ್ರಕರಣ

ಕರ್ನಾಟಕ ಲೋಕಸೇವಾ ಆಯೋಗ 1983ರಲ್ಲಿ ಮೋಟಾರು ವಾಹನ ನಿರೀಕ್ಷಕರ ಹುದ್ದೆಗಳಿಗೆ ಅರ್ಜಿ ಕರೆಯಿತು. ಆಗಿನ ನಿಯಮದ ಪ್ರಕಾರ ಆಟೊಮೊಬೈಲ್ ಡಿಪ್ಲೊಮಾದವರೂ ಮೆಕ್ಯಾನಿಕಲ್ ಡಿಪ್ಲೊಮಾದವರೂ ಅರ್ಹರು. 1984ರಲ್ಲಿ ಸಂದರ್ಶನ ಶುರುವಾಯಿತು. ಕೋರ್ಟಿನ ತಡೆಯಾಜ್ಞೆಗಳಿಂದ ನಿಂತಿತು. ಹೀಗೆ ಎಳೆದಾಡುತ್ತಿರುವಾಗ 1987ರ ಮೇ ತಿಂಗಳಲ್ಲಿ ಸರಕಾರ ನಿಯಮ ತಿದ್ದಿ ಮೆಕ್ಯಾನಿಕಲ್ ಡಿಪ್ಲೊಮಾವನ್ನು ಕೈಬಿಟ್ಟಿತು. ಮರು ತಿಂಗಳು ಆಯ್ಕೆ ಪಟ್ಟಿ ಹೊರಬಿತ್ತು. ಅದರಲ್ಲಿ ಮೆಕ್ಯಾನಿಕಲ್‌ನವರೂ ಇದ್ದರು.

ಆಡಳಿತ ನ್ಯಾಯಮಂಡಳಿ ಆ ಆಯ್ಕೆಯನ್ನು ರದ್ದು ಮಾಡಿತು. ಪ್ರಕರಣ ಸುಪ್ರೀಂ ಕೋರ್ಟಿಗೆ ಹೋಯಿತು. ಪಿ. ಮಹೇಂದ್ರನ್ ಪ್ರಕರಣವೆಂದೇ ಹೆಸರಾದ ಇದರಲ್ಲಿ 1989ರ ಡಿಸೆಂಬರಿನಲ್ಲಿ ತೀರ್ಪು ಬಂತು: ತಿದ್ದುಪಡಿ ಹಿಂದಿನಿಂದ ಅನ್ವಯ ಎಂದು ಅದರಲ್ಲೇ ಹೇಳಿಲ್ಲದಿದ್ದರೆ, ಅದು ಮುಂದಿನ ನೇಮಕಾತಿಗೆ ಮಾತ್ರ. ಅರ್ಜಿ ಕರೆದಾಗ ಇದ್ದ ನಿಯಮದಂತೆಯೇ ಆ ಆಯ್ಕೆ ಮುಗಿಯಬೇಕು. ಮೆಕ್ಯಾನಿಕಲ್‌ನವರ ಆಯ್ಕೆ ಉಳಿಯಿತು.

ನಮ್ಮ ಭಾಷೆಯಲ್ಲಿ ಹೇಳುವುದಾದರೆ, ಮಾರ್ಕೆಟ್ಟಿನಲ್ಲಿ ಹರಾಜು ಕೂಗಿ, ಮೂಟೆ ತೂಕಕ್ಕಿಟ್ಟ ಮೇಲೆ 'ಸಣ್ಣ ಗೆಡ್ಡೆ ನಮಗೆ ಬೇಡ' ಎನ್ನುವಂತಿಲ್ಲ. ಬೇಡವಾದರೆ ಕೂಗುವ ಮುಂಚೆಯೇ ಹೇಳಬೇಕು.

2024ರ ತೀರ್ಪು

ರಾಜಸ್ಥಾನ ಹೈಕೋರ್ಟು 2009ರಲ್ಲಿ 13 ಅನುವಾದಕರ ಹುದ್ದೆಗೆ ಅರ್ಜಿ ಕರೆದಿತ್ತು. ಪರೀಕ್ಷೆ ಮುಗಿದ ಮೇಲೆ ಶೇ. 75 ಅಂಕ ಕಡ್ಡಾಯ ಮಾಡಿದರು. ಉಳಿದದ್ದು ಮೂವರು. ತೇಜ್ ಪ್ರಕಾಶ್ ಪಾಠಕ್ ಮತ್ತಿತರರು ಹೂಡಿದ ಈ ದಾವೆಯಲ್ಲಿ 2024ರ ನವೆಂಬರ್ 7ರಂದು ಸುಪ್ರೀಂ ಕೋರ್ಟಿನ ಐವರು ನ್ಯಾಯಮೂರ್ತಿಗಳ ಪೀಠ ತತ್ವವನ್ನು ಗಟ್ಟಿ ಮಾಡಿತು. ನೇಮಕಾತಿ ಶುರುವಾಗುವುದು ಜಾಹೀರಾತಿನಿಂದ, ಮುಗಿಯುವುದು ಹುದ್ದೆ ತುಂಬಿದಾಗ. ಈ ನಡುವೆ ಅರ್ಹತೆ ಬದಲಿಸುವಂತಿಲ್ಲ. ಬದಲಿಸಲು ಆಗಲೇ ಜಾರಿಯಲ್ಲಿರುವ ನಿಯಮ ಅಥವಾ ನಿಯಮಕ್ಕೆ ವಿರುದ್ಧವಲ್ಲದ ಜಾಹೀರಾತು ಅವಕಾಶ ಕೊಟ್ಟಿದ್ದರೂ, ಆ ಬದಲಾವಣೆ ಸಂವಿಧಾನದ 14ನೇ ವಿಧಿಯ ಸಮಾನತೆಗೆ ಹೊಂದಬೇಕು, ಮನಸ್ವೀ ಆಗಿರಬಾರದು.

ಎಲ್ಲಕ್ಕೂ ರಕ್ಷಣೆಯಿಲ್ಲ

ಇಷ್ಟೆಂದು ಮೈಮರೆಯಬಾರದು. ಪರೀಕ್ಷೆ ಅಥವಾ ಸಂದರ್ಶನದ ಹಂತ ಬರುವ ಮೊದಲೇ, ನಿಯಮದಲ್ಲಿ ಅಧಿಕಾರವಿದ್ದರೆ, ಆ ಹಂತಕ್ಕೆ ಕನಿಷ್ಠ ಅಂಕ ಗೊತ್ತು ಮಾಡಬಹುದು. ಆಯ್ಕೆ ಪಟ್ಟಿಯಲ್ಲಿ ಹೆಸರು ಬಂದ ಮಾತ್ರಕ್ಕೆ ಕೆಲಸ ಸಿಕ್ಕೇ ಸಿಗಬೇಕೆಂಬ ಹಕ್ಕೂ ಇಲ್ಲ. ತಕ್ಕ ಕಾರಣವಿದ್ದರೆ ಸರಕಾರ ಹುದ್ದೆ ತುಂಬದೆ ಬಿಡಬಹುದು. ಆದರೆ ಖಾಲಿ ಹುದ್ದೆ ಇಟ್ಟುಕೊಂಡು, ಕಾರಣವಿಲ್ಲದೆ ಪಟ್ಟಿಯಲ್ಲಿದ್ದವರನ್ನು ದೂರವಿಡುವಂತಿಲ್ಲ.

ಇನ್ನೊಂದು ಮಾತು. ಅರ್ಜಿಯ ಕಡೇ ದಿನಕ್ಕೆ ಅರ್ಹತೆ ಕೈಯಲ್ಲಿರಬೇಕು. 'ಫಲಿತಾಂಶ ಆಮೇಲೆ ಬಂತು, ಸಂದರ್ಶನದ ಹೊತ್ತಿಗೆ ಪಾಸಾಗಿದ್ದೆ' ಎಂದರೆ ನಡೆಯದು. ಅಶೋಕ್ ಕುಮಾರ್ ಶರ್ಮಾ ಪ್ರಕರಣದಲ್ಲಿ 1997ರಲ್ಲೇ ಸುಪ್ರೀಂ ಕೋರ್ಟು ಇದನ್ನು ಸ್ಪಷ್ಟಪಡಿಸಿದೆ. ನಿಯಮ ನಮಗೆ ಕಟ್ಟಿದಷ್ಟೇ ಸರಕಾರಕ್ಕೂ ಕಟ್ಟುತ್ತದೆ.

ನಾವು ಮಾಡಬೇಕಾದ್ದು

* ಅಧಿಸೂಚನೆಯ ಪೂರ್ತಿ ಪ್ರತಿ, ಅರ್ಜಿ, ಶುಲ್ಕದ ರಸೀತಿಗಳನ್ನು ಪಹಣಿಯಷ್ಟೇ ಜೋಪಾನವಾಗಿ ಇಡಿ. ತಿದ್ದುಪಡಿ ಬಂದರೆ ಅದರ ತಾರೀಖು ಬರೆದಿಡಿ.

* ಆ ಹುದ್ದೆಯ ವೃಂದ ಮತ್ತು ನೇಮಕಾತಿ ನಿಯಮ ಓದಿ. ಜಾಹೀರಾತು ನಿಯಮವನ್ನು ಮೀರುವಂತಿಲ್ಲ.

* ಕರಡು ನಿಯಮ ರಾಜ್ಯಪತ್ರದಲ್ಲಿ ಬಂದಾಗ ಆಕ್ಷೇಪಣೆಗೆ ಕಾಲಾವಕಾಶ ಇರುತ್ತದೆ. ಅದು ಮುಗಿಯುವ ಮೊದಲೇ ಬರೆದು ಕಳಿಸಿ.

* ನಡುವೆ ಬದಲಾವಣೆ ಕಂಡರೆ ಕೂಡಲೇ ಲಿಖಿತ ಆಕ್ಷೇಪಣೆ ಕೊಡಿ. ಸುಮ್ಮನೆ ಪರೀಕ್ಷೆ ಬರೆದು, ಫೇಲಾದ ಮೇಲೆ ತಕರಾರು ತೆಗೆದರೆ ಕೋರ್ಟು ಸಾಮಾನ್ಯವಾಗಿ ಒಪ್ಪುವುದಿಲ್ಲ.

* ರಾಜ್ಯ ಸರಕಾರದ ಇಲಾಖೆಗಳ ಹುದ್ದೆಯಾದರೆ ಮೊದಲು ಹೋಗಬೇಕಾದ್ದು ಕರ್ನಾಟಕ ರಾಜ್ಯ ಆಡಳಿತ ನ್ಯಾಯಮಂಡಳಿಗೆ. ಆದೇಶವಾದ ಒಂದು ವರ್ಷದೊಳಗೆ ಹೋಗಬೇಕೆಂಬುದು ಸಾಮಾನ್ಯ ನಿಯಮ. ಅಷ್ಟು ದಿನ ಕಾಯುವುದು ಜಾಣತನವಲ್ಲ, ಅಷ್ಟರಲ್ಲಿ ಹುದ್ದೆಯೇ ತುಂಬಿರುತ್ತದೆ.

ಊರಿನ ನಾಲ್ಕಾರು ಹುಡುಗರು ಒಂದೇ ಹುದ್ದೆಗೆ ಅರ್ಜಿ ಹಾಕಿದ್ದರೆ ಒಟ್ಟಿಗೆ ಹೋಗಲಿ. ಖರ್ಚು ಹಂಚಿಹೋಗುತ್ತದೆ, ಧೈರ್ಯವೂ ಬರುತ್ತದೆ.