ಅಖಾಡದ ಶೂಟರ್: ಅಂಕ ಏರಿಸುವ ಅಭ್ಯಾಸ

'ಮಾಸ್ಕ್‌ಗನ್' ಪುಣೆಯ ಸೂಪರ್‌ಗೇಮಿಂಗ್ ಕಂಪನಿಯ ಮೊಬೈಲ್ ಆಟ. ಎರಡು ತಂಡ, ಚಿಕ್ಕದೊಂದು ಮೈದಾನ, ಕೆಲವೇ ನಿಮಿಷಗಳ ಗುಂಡಿನ ಕಾಳಗ. ಎದುರಾಳಿಯನ್ನು ಬೀಳಿಸಿದರೆ ತಂಡಕ್ಕೆ ಒಂದು ಅಂಕ. ಬಿದ್ದವನು ಆಟದಿಂದ ಹೊರಬೀಳುವುದಿಲ್ಲ, ತುಸು ಹೊತ್ತಿಗೆ ಮೈದಾನದ ಇನ್ನೊಂದು ಮೂಲೆಯಲ್ಲಿ ಎದ್ದು ಮತ್ತೆ ಓಡತೊಡಗುತ್ತಾನೆ. ಭಾರತದಲ್ಲೇ ತಯಾರಾಗಿ ಕೋಟಿಗಟ್ಟಲೆ ಬಾರಿ ಡೌನ್‌ಲೋಡ್ ಆದ ಕೆಲವೇ ಶೂಟರ್ ಆಟಗಳಲ್ಲಿ ಇದೂ ಒಂದು. ಬೆಳಗಾವಿ, ವಿಜಯಪುರ, ಕಲಬುರಗಿ ಕಡೆಯಿಂದ ಓದಲು, ದುಡಿಯಲು ಪುಣೆಗೆ ಹೋದ ಹುಡುಗರ ಫೋನುಗಳಲ್ಲೂ ಇಂಥ ಒಂದಾದರೂ ಆಟ ಇದ್ದೇ ಇರುತ್ತದೆ. ಸಾವಿರಾರು ಪಂದ್ಯ ಆಡಿದ ಮೇಲೂ ಅಂಕ ಇದ್ದಲ್ಲೇ ಇದೆ ಎಂಬುದು ಆಡುವವರಲ್ಲಿ ಹೆಚ್ಚಿನವರ ದೂರು. ಪಂದ್ಯ ಆಡುವುದೇ ಅಭ್ಯಾಸ ಎಂದು ತಿಳಿದಿರುವುದು ಇದಕ್ಕೆ ಮುಖ್ಯ ಕಾರಣ.

ಈ ಬಗೆಯ ಆಟದ ಮೂಲ ಕಂಪ್ಯೂಟರಿನ ಅರೀನಾ ಶೂಟರ್, ಅಂದರೆ ಅಖಾಡದ ಶೂಟರ್. ಅಮೆರಿಕದ ಟೆಕ್ಸಾಸ್‌ನಲ್ಲಿದ್ದ ಇಡ್ ಸಾಫ್ಟ್‌ವೇರ್ 1996ರಲ್ಲಿ 'ಕ್ವೇಕ್' ಹೊರತಂದಿತು. 1999ರ ಕೊನೆಯಲ್ಲಿ, ಕೆಲವೇ ವಾರಗಳ ಅಂತರದಲ್ಲಿ ಬಂದ 'ಅನ್‌ರಿಯಲ್ ಟೂರ್ನಮೆಂಟ್' ಮತ್ತು 'ಕ್ವೇಕ್ 3 ಅರೀನಾ' ಈ ಬಗೆಗೆ ಪೂರ್ತಿ ರೂಪ ಕೊಟ್ಟವು. ಅಲ್ಲಿ ಎಲ್ಲರೂ ಒಂದೇ ಮಾಮೂಲಿ ಬಂದೂಕಿನಿಂದ ಶುರು ಮಾಡುತ್ತಾರೆ. ಒಳ್ಳೆಯ ಆಯುಧ, ಕವಚ, ಔಷಧಿ ಎಲ್ಲವೂ ಅಖಾಡದ ಗೊತ್ತಾದ ಜಾಗಗಳಲ್ಲಿ ಬಿದ್ದಿರುತ್ತವೆ. ಹೀಗಾಗಿ ಗೆಲುವು ಸೋಲು ಬಹುಮಟ್ಟಿಗೆ ಆಟಗಾರನ ಕೈಯಲ್ಲೇ ಇರುತ್ತದೆ. ಬಂದೂಕಿನ ಮಟ್ಟ ಏರಿಸಿಕೊಳ್ಳಲು ಅವಕಾಶವಿರುವ ಮೊಬೈಲ್ ಆಟಗಳಲ್ಲಿ ಈ ಸಮಾನತೆ ಅಷ್ಟಿಲ್ಲ. ಹೊಸಬ ಸೋತ ಕೆಲವು ಮುಖಾಮುಖಿಗಳು ಅವನ ತಪ್ಪಿನಿಂದ ಆದವಲ್ಲ ಎಂಬುದನ್ನು ಒಪ್ಪಲೇಬೇಕು.

ಮೊದಲು ಅಂಕದ ಲೆಕ್ಕ. ಪಂದ್ಯ ಮುಗಿದಾಗ ಪರದೆಯ ಮೇಲೆ ಕಿಲ್, ಅಂದರೆ ತಾನು ಬೀಳಿಸಿದವರು, ಎಷ್ಟು ಎಂದಷ್ಟೇ ನೋಡುವ ಚಾಳಿ ಎಲ್ಲರಿಗೂ ಇದೆ. 15 ಜನರನ್ನು ಬೀಳಿಸಿ ತಾನೂ 15 ಸಲ ಬಿದ್ದವನು ತನ್ನ ತಂಡಕ್ಕೆ ಕೊಟ್ಟದ್ದೂ ಎದುರು ತಂಡಕ್ಕೆ ಕೊಟ್ಟದ್ದೂ ಸಮ, ಅಂದರೆ ಅವನಿಂದ ತಂಡಕ್ಕಾದ ಲಾಭ ಸೊನ್ನೆ. 9 ಜನರನ್ನು ಬೀಳಿಸಿ 4 ಸಲ ಮಾತ್ರ ಬಿದ್ದವನಿಂದ ಐದು ಅಂಕದ ಲಾಭ. ಪ್ರತಿ ಸಲ ಬಿದ್ದಾಗಲೂ ಮತ್ತೆ ಏಳುವ ಹೊತ್ತು, ಕಾಳಗದ ಜಾಗಕ್ಕೆ ಓಡಿಬರುವ ಹೊತ್ತು ದಂಡವಾಗುತ್ತದೆ. ಅಷ್ಟು ಹೊತ್ತು ಅವನ ತಂಡದಲ್ಲಿ ಒಬ್ಬ ಕಡಿಮೆ. ಆದ್ದರಿಂದ ಅಂಕ ಏರಿಸಲು ಹೊರಟವನು ಮೊದಲು ಕೈಹಾಕಬೇಕಾದದ್ದು ಸಾವಿನ ಎಣಿಕೆಗೆ. ಕಿಲ್ ಹೆಚ್ಚಿಸುವುದಕ್ಕಿಂತ ಇದು ಸುಲಭವೂ ಹೌದು. ಕಾರಣ, ಸಾವುಗಳಲ್ಲಿ ಬಹುಪಾಲು ಎರಡು ಮೂರು ರೂಢಿಗಳಿಂದಲೇ ಬರುತ್ತವೆ: ಬಯಲಿನ ನಡುವೆ ನಿಂತು ಗುಂಡು ತುಂಬುವುದು, ಅರ್ಧ ಜೀವದಲ್ಲಿ ಇನ್ನೊಬ್ಬನನ್ನು ಬೆನ್ನಟ್ಟುವುದು, ಸತ್ತ ಜಾಗಕ್ಕೇ ಅದೇ ದಾರಿಯಲ್ಲಿ ಸೇಡಿಗೆ ಓಡುವುದು.

ಅಂಕ ಬರುವುದು ಗುರಿಗಿಂತ ಹೆಚ್ಚಾಗಿ ಹಿಡಿದ ಜಾಗದಿಂದ ಎನ್ನುವುದಕ್ಕೆ ಹಳೆಯ ನಿದರ್ಶನವೊಂದಿದೆ. 1997ರಲ್ಲಿ ಅಮೆರಿಕದಲ್ಲಿ 'ರೆಡ್ ಆನಿಹಿಲೇಶನ್' ಎಂಬ ಕ್ವೇಕ್ ಪಂದ್ಯಾವಳಿ ನಡೆಯಿತು. 'ಥ್ರೆಶ್' ಎಂಬ ಹೆಸರಿನಲ್ಲಿ ಆಡುತ್ತಿದ್ದ ಡೆನಿಸ್ ಫಾಂಗ್ ಗೆದ್ದು, ಆಟದ ಸೃಷ್ಟಿಕರ್ತರಲ್ಲೊಬ್ಬರಾದ ಜಾನ್ ಕಾರ್ಮ್ಯಾಕ್ ಅವರ ಫೆರಾರಿ ಕಾರನ್ನು ಬಹುಮಾನವಾಗಿ ಪಡೆದ. ಅಂತಿಮ ಪಂದ್ಯದ ಅಂಕ 14ಕ್ಕೆ ಮೈನಸ್ 1. ಎದುರಾಳಿಯೂ ಅಂತಿಮ ಸುತ್ತಿನವರೆಗೆ ಬಂದವನೇ, ಗುರಿ ಬಾರದವನೇನಲ್ಲ. ಇಬ್ಬರೇ ಆಡುವ ಕ್ವೇಕ್‌ನಲ್ಲಿ ಆಯುಧ, ಕವಚಗಳಿರುವ ಜಾಗಗಳನ್ನು ಒಬ್ಬ ಹಿಡಿದುಕೊಂಡರೆ ಇನ್ನೊಬ್ಬ ಪ್ರತಿ ಸಲವೂ ಬರಿಗೈಯಲ್ಲಿ ಎದ್ದು, ಬರಿಗೈಯಲ್ಲೇ ಬೀಳುತ್ತಾನೆ. ಅಂಥ ಏಕಪಕ್ಷೀಯ ಅಂಕ ಹುಟ್ಟುವುದು ಹೀಗೆ.

ಈ ಹಿಡಿತದ ಹಿಂದಿರುವುದು ಗಡಿಯಾರ. ಕ್ವೇಕ್ 3ರಲ್ಲಿ 100 ಅಂಶದ ಕೆಂಪು ಕವಚವನ್ನು ಒಬ್ಬ ಎತ್ತಿಕೊಂಡರೆ ಅದು 25 ಸೆಕೆಂಡಿಗೆ ಮತ್ತೆ ಅಲ್ಲೇ ಹುಟ್ಟುತ್ತದೆ. ಜೀವಕ್ಕೆ 100 ಸೇರಿಸುವ 'ಮೆಗಾ ಹೆಲ್ತ್' ಹುಟ್ಟಲು 35 ಸೆಕೆಂಡು. ಹತ್ತು ನಿಮಿಷದ ಪಂದ್ಯದಲ್ಲಿ ಕೆಂಪು ಕವಚ ಹೆಚ್ಚೆಂದರೆ 24 ಸಲ ಸಿಗುತ್ತದೆ. ನುರಿತವರು ಕವಚ ಎತ್ತಿದ ಕ್ಷಣ ಗಡಿಯಾರ ನೋಡಿ, ಅದಕ್ಕೆ 25 ಕೂಡಿಸಿ, ಆ ಹೊತ್ತಿಗೆ ಎರಡು ಸೆಕೆಂಡು ಮುಂಚೆ ಅಲ್ಲಿ ಹಾಜರಿರುತ್ತಾರೆ. ಗುಂಡು ಹಾರಿಸುತ್ತಲೇ, ತಪ್ಪಿಸಿಕೊಳ್ಳುತ್ತಲೇ ಮನಸ್ಸಿನಲ್ಲಿ ಎರಡು ಮೂರು ಲೆಕ್ಕ ಒಟ್ಟಿಗೆ ಓಡಿಸುವುದು ಮೊದಮೊದಲು ಅಸಾಧ್ಯ ಎನಿಸುತ್ತದೆ. ಅದಕ್ಕಾಗಿ ಎದುರಾಳಿ ಇಲ್ಲದ ಖಾಲಿ ಅಖಾಡದಲ್ಲಿ ಒಂದೇ ವಸ್ತುವಿನ ಲೆಕ್ಕ ಹಿಡಿದು ಸುತ್ತುವುದರಿಂದ ಅಭ್ಯಾಸ ಶುರು. ಅದು ಬಾಯಿಪಾಠವಾದ ಮೇಲೆ ಎರಡನೆಯದು, ಆಮೇಲೆ ಕಂಪ್ಯೂಟರೇ ಆಡಿಸುವ ಬಾಟ್‌ಗಳ ನಡುವೆ ಅದೇ ಸುತ್ತು.

ಮೊಬೈಲ್ ಆಟಗಳಲ್ಲಿ ಹೀಗೆ ನೆಲದಿಂದ ಎತ್ತಿಕೊಳ್ಳುವ ವಸ್ತುಗಳು ಕಡಿಮೆ. ಆದರೂ ಎಲ್ಲಿ ಯಾವಾಗ ಇರಬೇಕು ಎಂಬ ಪ್ರಶ್ನೆ ಉಳಿದೇ ಇದೆ. ಎದುರು ತಂಡ ಈಗ ಎಲ್ಲಿ ಎದ್ದಿದೆ, ಅವರು ಯಾವ ಎರಡು ಬಾಗಿಲಿನಿಂದ ಬರಬಹುದು, ತನ್ನವರು ಯಾವ ಕಡೆ ಮುಗ್ಗರಿಸಿದ್ದಾರೆ ಎಂಬುದನ್ನು ಮೂಲೆಯ ಚಿಕ್ಕ ನಕ್ಷೆಯೇ ಬಹುಮಟ್ಟಿಗೆ ಹೇಳುತ್ತದೆ. ಹೊಸಬರು ಅದರತ್ತ ಕಣ್ಣು ಹಾಯಿಸುವುದೇ ಇಲ್ಲ. ಜಾಗದ ಈ ಬೆಲೆ ಬೇರೆ ಜಾತಿಯ ಆಟದಲ್ಲೂ ಕಾಣುತ್ತದೆ. ಮಾಸ್ಕ್‌ಗನ್ ತಯಾರಿಸಿದ ಪುಣೆ ಕಂಪನಿಯೇ 2024ರ ಅಕ್ಟೋಬರ್‌ನಲ್ಲಿ ಬಿಡುಗಡೆ ಮಾಡಿದ 'ಇಂಡಸ್' ಬ್ಯಾಟಲ್ ರಾಯಲ್ ಜಾತಿಯ ಆಟ, ಅಖಾಡದ ಶೂಟರ್ ಅಲ್ಲ. ಅಲ್ಲಿ ಕೊನೆಯವನಾಗಿ ಉಳಿಯುವುದಲ್ಲದೆ ಇನ್ನೊಂದು ಗೆಲುವಿನ ದಾರಿಯೂ ಇದೆ. ಪಂದ್ಯದ ಕೊನೆಯ ಹಂತದಲ್ಲಿ ಕಾಣಿಸಿಕೊಳ್ಳುವ 'ಕಾಸ್ಮಿಯಂ' ಎಂಬ ವಸ್ತುವನ್ನು ವಶಮಾಡಿಕೊಂಡರೂ ಗೆಲುವೇ. ಜಾಗ ಹಿಡಿದವನಿಗೆ ನಿಯಮದಲ್ಲೇ ಮರ್ಯಾದೆ ಕೊಟ್ಟ ಈ ಯೋಚನೆ ಮೆಚ್ಚುವಂಥದ್ದು.

ಇನ್ನು ಗುರಿ, ಆಟಗಾರರ ಮಾತಿನಲ್ಲಿ 'ಏಮ್'. ಕಣ್ಣಿಗೆ ಏನೋ ಕಂಡು ಬೆರಳು ಅಲುಗಲು ಸಾಧಾರಣ ಮನುಷ್ಯನಿಗೆ ಸೆಕೆಂಡಿನ ಐದನೇ ಒಂದರಿಂದ ನಾಲ್ಕನೇ ಒಂದು ಭಾಗ ಬೇಕು. ಅಭ್ಯಾಸದಿಂದ ಇದು ತೀರಾ ಸ್ವಲ್ಪವೇ ಇಳಿಯುತ್ತದೆ. ಇಳಿಸಬಹುದಾದದ್ದು ಆಮೇಲಿನ ಹೊತ್ತು, ಗುರಿಚಿಹ್ನೆಯನ್ನು ಎದುರಾಳಿಯ ಮೇಲೆ ತಂದು ನಿಲ್ಲಿಸುವ ಹೊತ್ತು. ಕೈ ಒಂದು ಗುರಿಯನ್ನು ಮುಟ್ಟಲು ಬೇಕಾಗುವ ಸಮಯ ಆ ಗುರಿಯ ದೂರ ಮತ್ತು ಅಗಲ ಎರಡನ್ನೂ ಅವಲಂಬಿಸಿದೆ ಎಂದು ಅಮೆರಿಕದ ಮನೋವಿಜ್ಞಾನಿ ಪಾಲ್ ಫಿಟ್ಸ್ 1954ರಲ್ಲಿ ಸೂತ್ರವನ್ನೇ ಕೊಟ್ಟರು. ಎದುರಾಳಿಯ ಅಗಲ ಆಟಗಾರನ ಕೈಯಲ್ಲಿಲ್ಲ, ದೂರ ಮಾತ್ರ ಅವನ ಕೈಯಲ್ಲಿದೆ. ಎದುರಾಳಿ ಬರಬಹುದಾದ ಮೂಲೆಯ ಅಂಚಿಗೆ, ತಲೆಯ ಎತ್ತರಕ್ಕೆ, ಗುರಿಚಿಹ್ನೆಯನ್ನು ಮೊದಲೇ ಇಟ್ಟುಕೊಂಡು ನಡೆದರೆ ಕೈ ಚಲಿಸಬೇಕಾದ ದೂರ ಕೂದಲೆಳೆಯಷ್ಟಾಗುತ್ತದೆ. ನೆಲ ನೋಡುತ್ತ ಓಡುವವನು ಎಷ್ಟೇ ಚುರುಕಾಗಿದ್ದರೂ ಇಲ್ಲಿ ಸೋಲುತ್ತಾನೆ. ಗುರಿಚಿಹ್ನೆ ಎದುರಾಳಿಯ ಮೇಲೆ ಬಂದೊಡನೆ ಬಂದೂಕು ತಾನಾಗಿ ಸಿಡಿಯುವ ಆಟೋ ಶೂಟ್ ಇರುವ ಆಟಗಳಲ್ಲಂತೂ ಒತ್ತುವ ಕೆಲಸವೂ ಇಲ್ಲ. ಉಳಿಯುವುದು ಚಿಹ್ನೆಯನ್ನು ಎಲ್ಲಿಟ್ಟು ನಡೆಯಬೇಕು, ಯಾವಾಗ ಮರೆಗೆ ಸರಿಯಬೇಕು ಎಂಬೆರಡೇ.

ಗುರಿಯಲ್ಲಿ ಎರಡು ಬಗೆ. ಓಡುವವನ ಮೇಲೆ ಚಿಹ್ನೆಯನ್ನು ಬಿಡದೆ ಹಿಂಬಾಲಿಸುವುದು ಒಂದು, ಅದು 'ಟ್ರ್ಯಾಕಿಂಗ್'. ಪಕ್ಕದಲ್ಲಿ ಕಂಡವನ ಮೇಲೆ ಒಂದೇ ಏಟಿಗೆ ಹೊರಳಿಸುವುದು 'ಫ್ಲಿಕ್'. ಒಂದರಲ್ಲಿ ಪಳಗಿದ ಕೈ ಇನ್ನೊಂದರಲ್ಲಿ ತಡವರಿಸಬಹುದು. ಕಂಪ್ಯೂಟರ್ ಆಟಗಾರರು ಇವನ್ನು ಬೇರೆಬೇರೆಯಾಗಿ ತಿದ್ದಿಕೊಳ್ಳಲು 'ಕೋವಾಕ್ಸ್', 'ಏಮ್ ಲ್ಯಾಬ್'ನಂಥ ತರಬೇತಿ ತಂತ್ರಾಂಶ ಬಳಸುತ್ತಾರೆ. ಫೋನಿನಲ್ಲಿ ಆಡುವವರಿಗೆ ಆಟದೊಳಗಿನ ತರಬೇತಿ ಮೈದಾನವೇ ಸಾಕು.

ಅಂಕ ಸಿಗದ ಈ ಬಗೆಯ ಅಭ್ಯಾಸ ಅನೇಕರಿಗೆ ಬೇಸರ. ನಿಜವಾದ ಬಂದೂಕಿನ ಕ್ರೀಡೆಯಲ್ಲಿ ಇದರ ಬಗ್ಗೆ ಯಾರಿಗೂ ತಕರಾರಿಲ್ಲ. ಪುಣೆಯ ಬಾಲೇವಾಡಿಯಲ್ಲಿ ಶ್ರೀ ಶಿವ ಛತ್ರಪತಿ ಕ್ರೀಡಾ ಸಂಕೀರ್ಣದ ಶೂಟಿಂಗ್ ರೇಂಜ್ ಇದೆ. ಕೊಲ್ಹಾಪುರ ಜಿಲ್ಲೆಯ ಕಾಂಬಳವಾಡಿಯ ಸ್ವಪ್ನಿಲ್ ಕುಸಾಳೆ ಅಭ್ಯಾಸ ಮಾಡಿದ್ದು ಅಲ್ಲೇ. 2024ರ ಆಗಸ್ಟ್ 1ರಂದು ಪ್ಯಾರಿಸ್ ಒಲಿಂಪಿಕ್ಸ್‌ನ 50 ಮೀಟರ್ ರೈಫಲ್ ಮೂರು ಭಂಗಿಗಳ ಸ್ಪರ್ಧೆಯಲ್ಲಿ 451.4 ಅಂಕ ಗಳಿಸಿ ಅವರು ಕಂಚು ಗೆದ್ದರು. ರೈಫಲ್ ಶೂಟರ್‌ಗಳ ದಿನಚರಿಯಲ್ಲಿ ಗುಂಡೇ ಇಲ್ಲದ ಖಾಲಿ ಬಂದೂಕಿನ ಅಭ್ಯಾಸಕ್ಕೆ, ಅಂದರೆ 'ಡ್ರೈ ಫೈರಿಂಗ್'ಗೆ, ದೊಡ್ಡ ಪಾಲಿದೆ. ನಿಲುವು, ಉಸಿರು, ಟ್ರಿಗರ್ ಮೇಲಿನ ಬೆರಳು ಇವನ್ನು ಒಂದೊಂದಾಗಿ ನೋಡಿಕೊಳ್ಳಲು ಅಂಕದ ಗದ್ದಲ ಇರಬಾರದು ಎಂಬುದು ಅದರ ತರ್ಕ. ಅಲ್ಲಿ ಗುರಿ ಅಲುಗುವುದಿಲ್ಲ, ತೆರೆಯ ಮೇಲೆ ಗುರಿಯೂ ಅಲುಗುತ್ತದೆ, ಹಾರಿಸುವವನೂ ಅಲುಗುತ್ತಾನೆ. ತರ್ಕ ಮಾತ್ರ ಎರಡಕ್ಕೂ ಒಂದೇ.

ಎಷ್ಟು ಹೊತ್ತು ಎಂಬುದಕ್ಕಿಂತ ಹೇಗೆ ಎಂಬುದು ಮುಖ್ಯ ಎನ್ನಲು ಸಂಶೋಧನೆಯ ಆಧಾರವಿದೆ. ಆಂಡರ್ಸ್ ಎರಿಕ್ಸನ್ ಮತ್ತು ಸಂಗಡಿಗರು 1993ರಲ್ಲಿ ಬರ್ಲಿನ್‌ನ ಪಿಟೀಲು ವಿದ್ಯಾರ್ಥಿಗಳ ಅಧ್ಯಯನ ಪ್ರಕಟಿಸಿದರು. ತನ್ನ ಕೊರತೆಯನ್ನು ಗುರುತಿಸಿ, ಅದನ್ನೇ ತಿದ್ದಲು ಹೂಡಿದ ಅಭ್ಯಾಸವನ್ನು ಅವರು ಸುಮ್ಮನೆ ನುಡಿಸುವುದರಿಂದ ಬೇರೆ ಮಾಡಿ ನೋಡಿದರು. ಇನ್ನೊಂದು ಪ್ರಯೋಗ 1979ರದು, ಜಾನ್ ಶೇ ಮತ್ತು ರಾಬಿನ್ ಮಾರ್ಗನ್ ನಡೆಸಿದ್ದು. ಕೈಚಲನೆಯ ಕೆಲವು ಕೆಲಸಗಳನ್ನು ಒಂದು ಗುಂಪು ಒಂದೊಂದಾಗಿ ಮುಗಿಸುತ್ತ ಕಲಿಯಿತು, ಇನ್ನೊಂದು ಗುಂಪು ಎಲ್ಲವನ್ನೂ ಬೆರೆಸಿ ಕಲಿಯಿತು. ಕಲಿಯುವಾಗ ಮೊದಲ ಗುಂಪೇ ಮುಂದಿತ್ತು. ಕೆಲವು ದಿನ ಬಿಟ್ಟು ಪರೀಕ್ಷಿಸಿದಾಗ ಬೆರೆಸಿ ಕಲಿತವರೇ ಮುಂದೆ. ಒಂದೇ ಗೊಂಬೆಗೆ ಇನ್ನೂರು ಸಲ ಗುಂಡು ಹಾರಿಸಿ 'ಕೈ ಕೂತಿತು' ಎಂದು ಬೀಗುವವನು ಮರುದಿನ ಪಂದ್ಯದಲ್ಲಿ ಎಡವುವುದು ಇದೇ ಕಾರಣಕ್ಕೆ. ಒಂದು ಕೌಶಲ ತಕ್ಕಮಟ್ಟಿಗೆ ಬಂದ ಮೇಲೆ ದೂರ, ಕೋನ, ಬಂದೂಕು ಎಲ್ಲವನ್ನೂ ಕಲಸಿ ಅಭ್ಯಾಸ ಮಾಡಬೇಕು. ತರಬೇತಿಯ ಅಂಕ ಆಗ ಕುಸಿಯುತ್ತದೆ, ಕುಸಿಯಲಿ. ಇಂಥ ಅಭ್ಯಾಸವನ್ನು ದಿನಕ್ಕೆ ಅರ್ಧ ಗಂಟೆಯಂತೆ ವಾರದ ಐದಾರು ದಿನಕ್ಕೆ ಹಂಚಿದರೆ ಭಾನುವಾರದ ಒಂದೇ ಮೂರು ಗಂಟೆಗಿಂತ ಮೇಲು. ನಡುನಡುವಿನ ನಿದ್ದೆಯಲ್ಲೂ ಕಲಿಕೆ ಗಟ್ಟಿಯಾಗುತ್ತದೆ.

ಸಲಕರಣೆಯ ವಿಷಯ ಬೇಗ ಮುಗಿಸಬಹುದು. ಬೆರಳು ಎಷ್ಟು ಸರಿದರೆ ನೋಟ ಎಷ್ಟು ಹೊರಳಬೇಕು ಎಂಬ ಸೆನ್ಸಿಟಿವಿಟಿಯನ್ನು ಒಮ್ಮೆ ಗೊತ್ತುಮಾಡಿ ವಾರಗಟ್ಟಲೆ ಮುಟ್ಟದೆ ಬಿಡಬೇಕು. ಸೋತ ರಾತ್ರಿಯೆಲ್ಲ ಅದನ್ನು ಬದಲಿಸುವವನು ಕೈಗೆ ಕಲಿಯಲು ಅವಕಾಶವನ್ನೇ ಕೊಡುವುದಿಲ್ಲ. ಸೆಕೆಂಡಿಗೆ 60 ಚಿತ್ರ ತೋರಿಸುವ ಪರದೆಯಲ್ಲಿ ಒಂದು ಚಿತ್ರಕ್ಕೆ ಸುಮಾರು 16.7 ಮಿಲಿಸೆಕೆಂಡು, 120 ತೋರಿಸುವುದರಲ್ಲಿ 8.3. ಈ ವ್ಯತ್ಯಾಸ ನಿಜ, ಆದರೆ ಮೂಲೆಗೆ ಮೊದಲೇ ಗುರಿಯಿಟ್ಟರೆ ಉಳಿಯುವ ಹೊತ್ತಿನ ಮುಂದೆ ಅಲ್ಪ. ಪಿಂಗ್, ಅಂದರೆ ಫೋನಿನಿಂದ ಸರ್ವರ್‌ಗೆ ಸಂದೇಶ ಹೋಗಿಬರುವ ಹೊತ್ತು, ಇನ್ನೊಂದು ವಿಷಯ. ಗಾಜಿನೆಳೆಯಲ್ಲಿ ಬೆಳಕು ಸೆಕೆಂಡಿಗೆ ಸುಮಾರು ಎರಡು ಲಕ್ಷ ಕಿ.ಮೀ. ಓಡುತ್ತದೆ. ಸರ್ವರ್ ಸುಮಾರು 150 ಕಿ.ಮೀ. ದೂರದ ಮುಂಬೈಯಲ್ಲಿದ್ದರೆ ಪುಣೆಯಿಂದ ಹೋಗಿಬರುವ ಓಟಕ್ಕೆ ಒಂದೂವರೆ ಮಿಲಿಸೆಕೆಂಡು ಸಾಕು, ಸುಮಾರು 4,000 ಕಿ.ಮೀ. ದೂರದ ಸಿಂಗಪುರದಲ್ಲಿದ್ದರೆ ಕನಿಷ್ಠ 40. ನಡುವಿನ ಜಾಲದ ಅಡೆತಡೆಗಳಿಂದ ಎರಡೂ ಇನ್ನಷ್ಟು ಹೆಚ್ಚುತ್ತವೆ. ಆಟದಲ್ಲಿ ಸರ್ವರ್ ಆರಿಸುವ ಅವಕಾಶವಿದ್ದರೆ ಹತ್ತಿರದ್ದನ್ನೇ ಆರಿಸಬೇಕು.

ಎಲ್ಲಕ್ಕಿಂತ ಹೆಚ್ಚು ಫಲ ಕೊಟ್ಟು, ಎಲ್ಲಕ್ಕಿಂತ ಕಡಿಮೆ ಜನ ಮಾಡುವ ಕೆಲಸವೆಂದರೆ ತಾನು ಸತ್ತ ದೃಶ್ಯಗಳನ್ನು ಮತ್ತೆ ನೋಡುವುದು. ಈಗಿನ ಬಹುತೇಕ ಫೋನುಗಳಲ್ಲಿ ಪರದೆಯನ್ನು ಚಿತ್ರೀಕರಿಸುವ ಸೌಲಭ್ಯವಿದೆ. ಪ್ರತಿ ಸಾವಿಗೆ ಹತ್ತು ಸೆಕೆಂಡು ಹಿಂದಕ್ಕೆ ಹೋಗಿ ನೋಡಿದರೆ ತಪ್ಪು ಸಾಮಾನ್ಯವಾಗಿ ಗುಂಡು ತಪ್ಪಿದ ಕ್ಷಣದಲ್ಲಿರುವುದಿಲ್ಲ, ಅದಕ್ಕೂ ಮುಂಚಿನ ತಿರುವಿನಲ್ಲಿರುತ್ತದೆ. ಒಬ್ಬನೇ ಮೂವರ ದಾರಿಗೆ ಹೋಗಿದ್ದು, ನಕ್ಷೆ ನೋಡದೆ ಬಾಗಿಲು ದಾಟಿದ್ದು, ಅರ್ಧ ಗುಂಡಿನಲ್ಲಿ ನುಗ್ಗಿದ್ದು. ಒಂದು ವಾರದ ಸಾವುಗಳಿಗೆ ಹೀಗೆ ಒಂದೊಂದು ಸಾಲಿನ ಕಾರಣ ಬರೆದಿಟ್ಟರೆ ಒಂದೆರಡೇ ಕಾರಣಗಳು ಮರುಕಳಿಸುತ್ತಿರುವುದು ಕಾಣುತ್ತದೆ. ಮುಂದಿನ ವಾರದ ಅಭ್ಯಾಸದ ವಿಷಯ ಅದೇ.

ಮೈಯ ಮಿತಿಯೂ ಲೆಕ್ಕಕ್ಕೆ ಬರಬೇಕು. ಹೆಬ್ಬೆರಳಿನ ಬುಡ, ಮಣಿಕಟ್ಟು ನೋಯತೊಡಗಿದ ಮೇಲೆ ಮುಂದುವರಿಸಿದ ಅಭ್ಯಾಸ ತಪ್ಪು ಚಲನೆಯನ್ನೇ ಕಲಿಸುತ್ತದೆ. ಸುಸ್ತಾದಾಗ ಅಂಕ ಇಳಿಯುವುದು ಸಹಜ. ಸತತ ಮೂರು ಪಂದ್ಯ ಸೋತು ಸಿಟ್ಟಿನಲ್ಲಿ ನಾಲ್ಕನೆಯದಕ್ಕೆ ಕೂತವನಿಗೆ ಆಟಗಾರರು 'ಟಿಲ್ಟ್' ಆಗಿದ್ದಾನೆ ಎನ್ನುತ್ತಾರೆ. ಅವನಿಗೆ ಅಂದಿನ ಮಟ್ಟಿಗೆ ಫೋನ್ ಕೆಳಗಿಡುವುದೇ ಮದ್ದು.

ಪ್ರಗತಿಯನ್ನು ಅಳೆಯುವುದರಲ್ಲಿ ಒಂದು ಮೋಸವಿದೆ. ಒಂದೆರಡು ಪಂದ್ಯದ ಅಂಕ ಏನನ್ನೂ ಹೇಳುವುದಿಲ್ಲ, ಇಪ್ಪತ್ತು ಮೂವತ್ತು ಪಂದ್ಯಗಳ ಸರಾಸರಿ ಬೇಕು. ಶುರುವಿನ ವಾರಗಳಲ್ಲಿ ಏರಿಕೆ ದೊಡ್ಡದು, ಆಮೇಲೆ ಅದೇ ಪ್ರಮಾಣದ ಏರಿಕೆಗೆ ಹಲವು ಪಟ್ಟು ಅಭ್ಯಾಸ ಬೇಕು. ಅಲೆನ್ ನ್ಯೂವೆಲ್ ಮತ್ತು ಪಾಲ್ ರೋಸೆನ್‌ಬ್ಲೂಮ್ 1981ರಲ್ಲಿ ಬಗೆಬಗೆಯ ಕೆಲಸಗಳ ಕಲಿಕೆಯಲ್ಲಿ ಇದೇ ಓಟವನ್ನು ಗುರುತಿಸಿದ್ದರು. ಇದರ ಜೊತೆಗೆ, ಮಟ್ಟ ನೋಡಿ ಎದುರಾಳಿಗಳನ್ನು ಹೊಂದಿಸುವ ಆಟಗಳಲ್ಲಿ ಆಟಗಾರ ಸುಧಾರಿಸಿದಂತೆಲ್ಲ ಅವನೆದುರು ಇನ್ನೂ ಗಟ್ಟಿಗರನ್ನು ನಿಲ್ಲಿಸಲಾಗುತ್ತದೆ. ಕಿಲ್ ಮತ್ತು ಸಾವಿನ ಅನುಪಾತ ಆಗ ಎಷ್ಟೇ ಕಲಿತರೂ ಒಂದರ ಆಸುಪಾಸಿನಲ್ಲೇ ತೂಗಾಡುತ್ತದೆ. ಇದ್ದಲ್ಲೇ ಇದ್ದೇನೆ ಎಂದು ಕೊರಗುವವರಲ್ಲಿ ಕೆಲವರು ಹೀಗೆ ಮುಂದೆ ಬಂದವರೇ. ಇದನ್ನು ಪತ್ತೆಹಚ್ಚಲು ನೋಡಬೇಕಾದದ್ದು ಆಟ ಕೊಟ್ಟಿರುವ ಶ್ರೇಣಿ, ನೂರು ಗುಂಡಿಗೆ ತಗುಲಿದವೆಷ್ಟು ಎಂಬ ಎಣಿಕೆ, ಮತ್ತು ಒಂದು ಸಲ ಎದ್ದ ಮೇಲೆ ಸರಾಸರಿ ಎಷ್ಟು ಸೆಕೆಂಡು ಬದುಕಿದ ಎಂಬ ಲೆಕ್ಕ. ಕೊನೆಯದನ್ನು ಯಾವ ಅಂಕಪಟ್ಟಿಯೂ ಸಾಮಾನ್ಯವಾಗಿ ತೋರಿಸುವುದಿಲ್ಲ. ಸಾವಿನ ಸಂಖ್ಯೆಗೆ ಒಂದು ಕೂಡಿಸಿ, ಬಂದ ಮೊತ್ತದಿಂದ ಪಂದ್ಯದ ಒಟ್ಟು ಸೆಕೆಂಡುಗಳನ್ನು ಭಾಗಿಸಿದರೆ ಅದು ಅಂದಾಜಿಗೆ ಸಿಗುತ್ತದೆ.