ಉಳಿಯದ ಮೊದಲ ಮಾತು

ಮೊದಲು ತೆರೆಕಂಡ ಕನ್ನಡ ವಾಕ್ಚಿತ್ರ ‘ಸತಿ ಸುಲೋಚನ’. 1934ರ ಮಾರ್ಚ್ 3ರಂದು ಅದು ಬೆಂಗಳೂರಿನ ಪ್ಯಾರಾಮೌಂಟ್ ಚಿತ್ರಮಂದಿರದಲ್ಲಿ ಬಿಡುಗಡೆಯಾಯಿತು. ನಿರ್ದೇಶಕರು ವೈ. ವಿ. ರಾವ್; ಸಂಭಾಷಣೆ, ಹಾಡುಗಳು ಬೆಳ್ಳಾವೆ ನರಹರಿಶಾಸ್ತ್ರಿಗಳವು. ಚಿತ್ರೀಕರಣ ನಡೆದದ್ದು ಕೊಲ್ಲಾಪುರದಲ್ಲಿ. ವೆಚ್ಚ ಸುಮಾರು 40,000 ರೂಪಾಯಿ. ಇಂದ್ರಜಿತುವಾಗಿ ಸುಬ್ಬಯ್ಯನಾಯ್ಡು, ರಾವಣನಾಗಿ ಆರ್. ನಾಗೇಂದ್ರರಾವ್, ಸುಲೋಚನೆಯಾಗಿ ತ್ರಿಪುರಾಂಬ ಅಭಿನಯಿಸಿದ್ದರು. ಇಂದು ಅದರ ಒಂದು ಪ್ರತಿಯೂ ದೊರೆಯುವುದಿಲ್ಲ.

ಪಂಪಭಾರತವನ್ನು ಪಾಠ ಹೇಳುವಾಗ ನನಗೆ ಈ ಚಿತ್ರ ನೆನಪಾಗುವುದುಂಟು. ಹತ್ತನೆಯ ಶತಮಾನದ ಕಾವ್ಯ ನಮ್ಮ ಕೈಸೇರಿತು. 1934ರ ಚಿತ್ರ ಸೇರಲಿಲ್ಲ. ಓಲೆಯನ್ನೂ ಹುಳು ತಿನ್ನುತ್ತಿತ್ತು. ಆದರೆ ತಿಂದು ಮುಗಿಸುವ ಮೊದಲೇ ಲಿಪಿಕಾರನೊಬ್ಬ ಮತ್ತೊಂದು ಪ್ರತಿ ಮಾಡುತ್ತಿದ್ದ. ಆ ಕಾಲದ ನೈಟ್ರೇಟ್ ಫಿಲ್ಮಾದರೋ ಬೇಗ ಹೊತ್ತಿಕೊಳ್ಳುವ, ತಾನಾಗಿಯೇ ಶಿಥಿಲವಾಗುವ ವಸ್ತು. ಪ್ರದರ್ಶನ ಮುಗಿದ ಚಿತ್ರಕ್ಕೆ ಹೊಸ ಪ್ರತಿ ಮಾಡಿಸಲು ಹಣ ಹಾಕುವವರು ಯಾರು? ಪುಣೆಯಲ್ಲಿ ರಾಷ್ಟ್ರೀಯ ಚಲನಚಿತ್ರ ಸಂಗ್ರಹಾಲಯ ಆರಂಭವಾದದ್ದು 1964ರಲ್ಲಿ, 30 ವರ್ಷಗಳ ಅನಂತರ.

ಸುಲೋಚನೆಯ ಕಥೆ ನಮಗೆ ಗೊತ್ತು. ನಟರ ಹೆಸರುಗಳೂ ಗೊತ್ತು. ಕಳೆದುಹೋದದ್ದು ಉಚ್ಚಾರ: ಅಂದಿನ ವೃತ್ತಿರಂಗಭೂಮಿಯ ನಟರು ಧ್ವನಿಗ್ರಾಹಕದ ಮುಂದೆ ಆಡಿದ ಕನ್ನಡದ ಏರಿಳಿತ. ಪಾಠ ಕೆಟ್ಟ ಪದ್ಯವನ್ನು ಬೇರೊಂದು ಓಲೆಯ ನೆರವಿನಿಂದ ತಿದ್ದಿಕೊಳ್ಳಬಹುದು. ಆಲಿಸದ ದನಿಗೆ ಪಾಠಾಂತರವೆಲ್ಲಿ?