ಮಾವುತನ ಮಗ ಸಾಬು

ಸಾಬು ಅನ್ನೋ ಹೆಸರು ನಮ್ಮಲ್ಲಿ ಎಷ್ಟು ಜನಕ್ಕೆ ಗೊತ್ತು? ಒಂದು ಕಾಲಕ್ಕೆ ಲಂಡನ್ನಿನ ಪ್ರೇಕ್ಷಕರಿಗೆ ಚೆನ್ನಾಗಿ ಗೊತ್ತಿದ್ದ ಹೆಸರು ಅದು.

ಸಾಬು ಹುಟ್ಟಿದ್ದು 1924ರಲ್ಲಿ, ಮೈಸೂರು ಸಂಸ್ಥಾನದ ಕಾರಾಪುರದಲ್ಲಿ. ತಂದೆ ಮಹಾರಾಜರ ಆನೆಗಳ ಮಾವುತ. ತಂದೆ ತೀರಿಹೋದ ಮೇಲೆ ಆನೆಲಾಯವೇ ಹುಡುಗನಿಗೆ ಆಸರೆ. 'ಎಲಿಫೆಂಟ್ ಬಾಯ್' ಚಿತ್ರಕ್ಕಾಗಿ ಮೈಸೂರಿಗೆ ಬಂದ ಫ್ಲಾಹರ್ಟಿಯವರ ತಂಡದ ಕಣ್ಣಿಗೆ ಬಿದ್ದದ್ದು ಅಲ್ಲೇ. 1937ರಲ್ಲಿ ಚಿತ್ರ ತೆರೆಕಂಡಿತು, ಸಾಬು ಇಂಗ್ಲೆಂಡಿನಲ್ಲಿ ಮನೆಮಾತಾದ. ಮೂರೇ ವರ್ಷಕ್ಕೆ 'ದಿ ಥೀಫ್ ಆಫ್ ಬಾಗ್ದಾದ್'. ಆಮೇಲೆ ಹಾಲಿವುಡ್ಡು, 1944ರಲ್ಲಿ ಅಮೆರಿಕದ ಪೌರತ್ವ, ಯುದ್ಧವಿಮಾನದಲ್ಲಿ ಗನ್ನು ಹಿಡಿದು ಕೂರುವ ಕೆಲಸ.

ಇಷ್ಟೆಲ್ಲಾ ಆಗಿ 1952ರಲ್ಲಿ ಮತ್ತೆ ಲಂಡನ್ನಿಗೆ ಬಂದದ್ದು ಹ್ಯಾರಿಂಗೇ ಸರ್ಕಸ್ಸಿಗೆ. ಅಲ್ಲೂ ಆನೆಗಳ ಜೊತೆಗೇ ಆಟ! ವಯಸ್ಸು ಆಗಲೇ 28. ಕಾಮರ್ಸಿನವರು ಇದನ್ನು ಗುಡ್‌ವಿಲ್ ಅಂತಾರೆ: ಬೋರ್ಡಿನ ಮೇಲಿನ ಹೆಸರಿಗೇ ಬೆಲೆ. ಇಲ್ಲಿ ಕತಾರ್‌ಗಾಮಿನ ಕಾರ್ಖಾನೆಗಳಲ್ಲಿ ವಜ್ರಕ್ಕಾದರೂ ಹೊಸ ಮುಖ ಕೊಡುತ್ತಾರೆ. ಸಾಬುವಿಗೆ ಆ ಪೇಟೆ ಕೊಟ್ಟದ್ದು ಒಂದೇ ಮುಖ, ಪೇಟ ಸುತ್ತಿದ ಆನೆ ಹುಡುಗನದು. ಆದರೆ ಆನೆ ಪಳಗಿಸೋ ವಿದ್ಯೆಯನ್ನು ಯಾವ ಸ್ಟುಡಿಯೋನೂ ಕಲಿಸಿರಲಿಲ್ಲ. ಅದು ಅಪ್ಪನ ಕಸಬು.

1963ರ ಡಿಸೆಂಬರಿನಲ್ಲಿ, 39ನೇ ವಯಸ್ಸಿಗೇ, ಹೃದಯಾಘಾತದಿಂದ ಸಾಬು ತೀರಿಕೊಂಡ.